ಸಾಲ ಸುಸ್ತಿಯಾಗಿ ಜಪ್ತಿ ನೋಟೀಸು ಬಂದಾಗ: ಕಾಸರಗೋಡಿನ ಕನ್ನಡಿಗರಿಗೆ ಕೋರ್ಟಿನ ದಾರಿ

ಕಳೆದ ಮಳೆಗಾಲದಲ್ಲಿ ಬದಿಯಡ್ಕದ ಕಡೆಯ ಹಿರಿಯರೊಬ್ಬರು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿದ ಒಂದು ರಿಜಿಸ್ಟರ್ಡ್ ಲಕೋಟೆಯನ್ನು ಹಿಡಿದುಕೊಂಡು ನಮ್ಮ ಜಗಲಿಗೆ ಬಂದರು. “ಮಾಷ್ಟ್ರೇ, ಇದೊಂದು ಓದಿ ಹೇಳಬೇಕಿತ್ತು. ಬ್ಯಾಂಕಿನವರು ಆಗಾಗ ಕಳಿಸ್ತಾರಲ್ಲ, ಅಂಥದ್ದೇ ಅಂತ ಪಂಚಾಂಗದ ಹಿಂದೆ ಸಿಕ್ಕಿಸಿ ಇಟ್ಟಿದ್ದೆ” ಎಂದರು. ಮೂರು ಹಾಳೆಯ ಇಂಗ್ಲಿಷ್ ನೋಟೀಸು. ಕೊನೆಯ ಹಾಳೆಯಲ್ಲಿ ಅವರ ಮನೆ ಮತ್ತು ಅಡಿಕೆ ತೋಟದ ಸರ್ವೆ ನಂಬ್ರ, ಸೆಂಟ್ಸಿನ ಲೆಕ್ಕ, ನಾಲ್ಕು ದಿಕ್ಕಿನ ಗಡಿ. ಮೊದಲ ಹಾಳೆಯ ಮೇಲಿನ ತಾರೀಕಿನಿಂದ ಬೆರಳು ಮಡಚಿ ಎಣಿಸಿದಾಗ 51 ದಿನಗಳು ಕಳೆದುಹೋಗಿದ್ದವು. ಕಾನೂನು ಅವರಿಗೆ ಕೊಟ್ಟದ್ದು 60 ದಿನ.

ನಾನು ವಕೀಲನಲ್ಲ. ಕನ್ನಡ ಶಾಲೆಯಲ್ಲಿ ಪಾಠ ಹೇಳಿ ನಿವೃತ್ತನಾದ ಮೇಲೆ ಕಾನೂನು ಸೇವಾ ಪ್ರಾಧಿಕಾರದ ಪಾರಾ ಲೀಗಲ್ ವಾಲಂಟಿಯರ್ ಆಗಿ ಇಂಥ ಕಾಗದಗಳನ್ನು ಓದಿ ಹೇಳುತ್ತ ಬಂದವನು. ಈ ಅನುಭವದಲ್ಲಿ ನನಗೆ ಖಚಿತವಾದ ಸಂಗತಿ ಒಂದೇ: ಸಾಲಗಾರನಿಗೆ ಕೋರ್ಟಿನಲ್ಲಿ ಸಿಗುವ ಪರಿಹಾರವೆಲ್ಲ ತಾರೀಕಿಗೆ ಕಟ್ಟಿಹಾಕಿದ್ದು, ಮತ್ತು ಹೆಚ್ಚಿನವರು ಸೋಲುವುದು ನ್ಯಾಯ ತಮ್ಮ ಕಡೆ ಇಲ್ಲದ್ದರಿಂದ ಎನ್ನುವುದಕ್ಕಿಂತ ಲಕೋಟೆ ಒಡೆಯಲು ತಡಮಾಡಿದ್ದರಿಂದ. ಆದ್ದರಿಂದ ನೋಟೀಸು ಕೈಗೆ ಬಂದ ದಿನ ಲಕೋಟೆಯ ಮೇಲೆಯೇ ಪೆನ್ನಿನಲ್ಲಿ ತಾರೀಕು ಬರೆದು, ಲಕೋಟೆಯನ್ನೂ ಎಸೆಯದೆ ಒಳಗಿನ ಕಾಗದದೊಂದಿಗೆ ಇಟ್ಟುಕೊಳ್ಳಬೇಕು. ಅಂಚೆಯ ಮುದ್ರೆ ಮುಂದೆ ಸಾಕ್ಷ್ಯವಾಗಬಹುದು.

ಯಾವ ಕಾನೂನಿನ ನೋಟೀಸು ಎಂದು ಮೊದಲು ನೋಡಿ

ಬ್ಯಾಂಕಿನ ಕಾಗದಗಳೆಲ್ಲ ಒಂದೇ ಜಾತಿಯವಲ್ಲ. ಬ್ಯಾಂಕಿನ ಪ್ಯಾನೆಲ್ ವಕೀಲರು ಕಳುಹಿಸುವ ಬೇಡಿಕೆ ಪತ್ರಕ್ಕೆ ಉತ್ತರ ಕೊಟ್ಟರೆ ಸದ್ಯಕ್ಕೆ ಸಾಕು. ಆದರೆ ಅದರಲ್ಲಿ ‘2002ರ ಸರ್ಫೇಸಿ ಕಾಯ್ದೆ, ಸೆಕ್ಷನ್ 13(2)’ ಎಂದು ಇದ್ದರೆ ನಿಮ್ಮ ಅಡವು ಆಸ್ತಿಯನ್ನು ಕೋರ್ಟಿಗೆ ದಾವೆ ಹೂಡದೆಯೇ ವಶಪಡಿಸಿಕೊಂಡು ಏಲಂ ಮಾಡುವ ಕ್ರಮ ಆರಂಭವಾಗಿದೆ ಎಂದರ್ಥ. ಕಂತು ಅಥವಾ ಬಡ್ಡಿ 90 ದಿನಗಳಿಗಿಂತ ಹೆಚ್ಚು ಬಾಕಿಯಾದಾಗ ಖಾತೆ ಅನುತ್ಪಾದಕ ಆಸ್ತಿ, ಅಂದರೆ ಎಲ್ಲರೂ ಹೇಳುವ ಎನ್‌ಪಿಎ ಆಗುತ್ತದೆ; ಬೆಳೆ ಸಾಲಕ್ಕೆ ಮಾತ್ರ ಲೆಕ್ಕ ಬೆಳೆ ಹಂಗಾಮಿನ ಮೇಲೆ ನಡೆಯುತ್ತದೆ. ಎನ್‌ಪಿಎ ಆದ ಮೇಲಷ್ಟೇ ಈ ನೋಟೀಸು ಕೊಡಬಹುದಾದ್ದರಿಂದ, ನೋಟೀಸಿನಲ್ಲಿ ಬರೆದಿರುವ ಎನ್‌ಪಿಎ ದಿನಾಂಕವನ್ನೂ ನಿಮ್ಮ ಪಾಸ್‌ಬುಕ್ಕನ್ನೂ ಪಕ್ಕಪಕ್ಕ ಇಟ್ಟು ನೋಡುವುದು ಮೊದಲ ಕೆಲಸ.

‘1968ರ ಕೇರಳ ರೆವೆನ್ಯೂ ರಿಕವರಿ ಕಾಯ್ದೆ, ಸೆಕ್ಷನ್ 7 ಮತ್ತು 34’ ಎಂದಿದ್ದರೆ ವಸೂಲಿ ತಹಶೀಲ್ದಾರರ ಕೈಗೆ ಹೋಗಿದೆ ಎಂದು ತಿಳಿಯಬೇಕು, ಅಲ್ಲಿ ಕಂತಿಗಾಗಿ ತಹಶೀಲ್ದಾರರಿಗೂ ಜಿಲ್ಲಾಧಿಕಾರಿಗಳಿಗೂ ಅರ್ಜಿ ಕೊಡಬೇಕಾಗುತ್ತದೆ. ಊರಿನ ಸರ್ವೀಸ್ ಸಹಕಾರಿ ಬ್ಯಾಂಕಿನ ಸಾಲವಾದರೆ ಸಾಮಾನ್ಯವಾಗಿ 1969ರ ಕೇರಳ ಸಹಕಾರಿ ಸಂಘಗಳ ಕಾಯ್ದೆಯ ಸೆಕ್ಷನ್ 69ರ ಪ್ರಕಾರ ಮಧ್ಯಸ್ಥಿಕೆಯ ಪ್ರಕರಣ ದಾಖಲಾಗುತ್ತದೆ. ಆ ತೀರ್ಪಿನ ಮೇಲಿನ ಅಪೀಲು ತಿರುವನಂತಪುರದ ಸಹಕಾರಿ ಟ್ರಿಬ್ಯೂನಲ್‌ಗೆ. ಇನ್ನು ರಿಸರ್ವ್ ಬ್ಯಾಂಕಿನ ಪರವಾನಗಿ ಇರುವ ಸಹಕಾರಿ ಬ್ಯಾಂಕುಗಳಿಗೂ ಸರ್ಫೇಸಿ ಅನ್ವಯಿಸುತ್ತದೆ ಎಂದು ಸುಪ್ರೀಂ ಕೋರ್ಟು 2020ರಲ್ಲಿ ಹೇಳಿಯಾಗಿದೆ. ಖಾಸಗಿ ಫೈನಾನ್ಸ್ ಕಂಪೆನಿಯ ಸಾಲವಾದರೆ ಒಂದು ವಿಶೇಷ ಗಮನಿಸಿ: ಬ್ಯಾಂಕೇತರ ಹಣಕಾಸು ಕಂಪೆನಿ 100 ಕೋಟಿ ರೂಪಾಯಿ ಅಥವಾ ಹೆಚ್ಚಿನ ಆಸ್ತಿ ಹೊಂದಿದ್ದು, ಸಾಲ 20 ಲಕ್ಷ ರೂಪಾಯಿ ಅಥವಾ ಮೇಲ್ಪಟ್ಟಿದ್ದರೆ ಮಾತ್ರ ಸರ್ಫೇಸಿ ಬಳಸಬಹುದು.

ನಮ್ಮ ಗಡಿಯಲ್ಲಿ ಮಾತ್ರ ಕಾಣುವ ಒಂದು ಗೊಂದಲವನ್ನೂ ಇಲ್ಲೇ ಹೇಳಿಬಿಡುತ್ತೇನೆ. ನಾವು ಓದುವ ಪತ್ರಿಕೆ ಮಂಗಳೂರಿನದ್ದು, ನೋಡುವ ಚಾನೆಲ್ ಬೆಂಗಳೂರಿನದ್ದು. ಹಾಗಾಗಿ ಕರ್ನಾಟಕ ಸರಕಾರ ಸಾಲ ಮನ್ನಾ ಮಾಡಿತು, 2025ರಲ್ಲಿ ಮೈಕ್ರೊ ಫೈನಾನ್ಸ್ ಕಿರುಕುಳದ ವಿರುದ್ಧ ಕಾನೂನು ತಂದಿತು ಎಂಬ ಸುದ್ದಿ ಓದಿ ನಮಗೂ ಅದು ಬಂತೆಂದು ಕಂತು ಕಟ್ಟುವುದನ್ನು ನಿಲ್ಲಿಸಿದವರನ್ನು ನಾನು ಬಲ್ಲೆ. ಪೆರ್ಲದ ಗೇಟು ದಾಟಿ ಈಚೆ ಬಂದ ಮೇಲೆ ಆ ಕಾನೂನುಗಳಿಗೆ ಬೆಲೆಯಿಲ್ಲ. ಸರ್ಫೇಸಿ ಮಾತ್ರ ಕೇಂದ್ರದ ಕಾಯ್ದೆಯಾದ್ದರಿಂದ ಗಡಿಯ ಎರಡೂ ಬದಿಗಳಲ್ಲಿ ಒಂದೇ.

ಅರವತ್ತು ದಿನಗಳ ಒಳಗೆ ಮಾಡಬೇಕಾದದ್ದು

ಸೆಕ್ಷನ್ 13(2)ರ ನೋಟೀಸಿಗೆ ಆಕ್ಷೇಪ ಬರೆದು ಕೊಡುವ ಹಕ್ಕನ್ನು ಸೆಕ್ಷನ್ 13(3ಎ) ಕೊಡುತ್ತದೆ. ಇದು ಬ್ಯಾಂಕಿನ ಔದಾರ್ಯದಿಂದ ಬಂದದ್ದಲ್ಲ. 2004ರಲ್ಲಿ ಮಾರ್ಡಿಯಾ ಕೆಮಿಕಲ್ಸ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಸಾಲಗಾರನ ಮಾತನ್ನು ಬ್ಯಾಂಕು ಕೇಳಲೇಬೇಕೆಂದು ಹೇಳಿದ ಬಳಿಕ ಕಾಯ್ದೆಗೆ ಸೇರಿದ್ದು. ಆಕ್ಷೇಪ ತಲಪಿದ 15 ದಿನಗಳೊಳಗೆ ಬ್ಯಾಂಕು ಅದನ್ನು ಪರಿಶೀಲಿಸಿ, ಒಪ್ಪದಿದ್ದರೆ ಯಾಕೆ ಒಪ್ಪುವುದಿಲ್ಲ ಎಂಬ ಕಾರಣವನ್ನು ತಿಳಿಸಬೇಕು. ಆಕ್ಷೇಪ ಕೊಡದೇ ಇದ್ದವರು ಮುಂದೆ ನ್ಯಾಯಮಂಡಳಿಯಲ್ಲಿ “ನನ್ನ ಮಾತು ಕೇಳಲಿಲ್ಲ” ಎಂದರೆ “ನೀವು ಹೇಳಿದ್ದು ಯಾವಾಗ” ಎಂಬ ಪ್ರಶ್ನೆ ಬರುತ್ತದೆ.

ಆಕ್ಷೇಪದಲ್ಲಿ ಕಷ್ಟ ಸುಖದ ಕತೆಗಿಂತ ಲೆಕ್ಕ ಮುಖ್ಯ. ಅಡಿಕೆಗೆ ಕೊಳೆರೋಗ ಬಂದದ್ದನ್ನೂ ಮನೆಯವರ ಕಾಯಿಲೆಯನ್ನೂ ಒಂದು ಪ್ಯಾರಾದಲ್ಲಿ ಬರೆಯಿರಿ, ಬೇಡವೆನ್ನುವುದಿಲ್ಲ. ಆದರೆ ಮೊದಲ ಪ್ಯಾರಾದಲ್ಲಿ ಖಾತೆಯ ಪೂರ್ತಿ ವಿವರ ಕೇಳಿ, ಕಟ್ಟಿದ ಹಣ ಜಮೆಯಾಗಿಲ್ಲದಿದ್ದರೆ ರಶೀದಿಯ ತಾರೀಕಿನೊಂದಿಗೆ ತೋರಿಸಿ. 2024ರಿಂದ ಬ್ಯಾಂಕುಗಳು ದಂಡದ ಬಡ್ಡಿ ಹಾಕುವಂತಿಲ್ಲ, ದಂಡದ ಶುಲ್ಕವನ್ನಷ್ಟೇ ಹಾಕಬಹುದು, ಅದಕ್ಕೆ ಮತ್ತೆ ಬಡ್ಡಿ ಸೇರಿಸುವಂತಿಲ್ಲ ಎಂದು ರಿಸರ್ವ್ ಬ್ಯಾಂಕಿನ ನಿಯಮವಿದೆ. ಅದು ಪಾಲನೆಯಾಗಿದೆಯೇ ಎಂದು ಕೇಳಿ. ಬಾಕಿ ಮೊತ್ತ ಅಸಲು ಬಡ್ಡಿಗಳ ಶೇಕಡಾ 20ಕ್ಕಿಂತ ಕಡಿಮೆಯಾಗಿದ್ದರೆ, ಅಥವಾ ಸಾಲವೇ ಒಂದು ಲಕ್ಷ ರೂಪಾಯಿ ಮೀರದಿದ್ದರೆ, ಸೆಕ್ಷನ್ 31ರ ಪ್ರಕಾರ ಈ ಕಾಯ್ದೆ ಅನ್ವಯಿಸುವುದೇ ಇಲ್ಲ.

ಅದೇ ಸೆಕ್ಷನ್ 31ರಲ್ಲಿ ನಮ್ಮ ಜಿಲ್ಲೆಗೆ ಅತಿ ಮುಖ್ಯವಾದ ಇನ್ನೊಂದು ವಿನಾಯಿತಿಯಿದೆ: ಕೃಷಿ ಭೂಮಿಯ ಮೇಲಿನ ಅಡವಿಗೆ ಸರ್ಫೇಸಿ ಇಲ್ಲ. ಇದನ್ನು ಕೇಳಿದ ಕೂಡಲೇ “ನಮ್ಮದು ತೋಟವಲ್ಲವೇ, ಹೆದರಿಕೆಯಿಲ್ಲ” ಎಂದು ಕೆಲವರು ನಿರಾಳರಾಗಿಬಿಡುತ್ತಾರೆ. ಅಷ್ಟು ಸುಲಭವಿಲ್ಲ. ಕಂದಾಯ ದಾಖಲೆಯಲ್ಲಿ ಕೃಷಿ ಎಂದು ಇದ್ದರೆ ಮಾತ್ರ ಸಾಲದು, ಆ ನೆಲದಲ್ಲಿ ನಿಜವಾಗಿ ಕೃಷಿ ನಡೆಯುತ್ತಿದೆಯೆಂದು ಸಾಲಗಾರನೇ ಸಾಬೀತು ಮಾಡಬೇಕು ಎಂದು ಸುಪ್ರೀಂ ಕೋರ್ಟು 2023ರಲ್ಲಿ ಸ್ಪಷ್ಟಪಡಿಸಿದೆ. ಹೀಗಾಗಿ ಭೂತೆರಿಗೆ ರಶೀದಿ, ವಿಲ್ಲೇಜ್ ಆಫೀಸಿನ ಕೈವಶ ಪ್ರಮಾಣಪತ್ರ, ಕೃಷಿ ಭವನದ ದಾಖಲೆ, ತೋಟದ ಪಂಪಿನ ಕೃಷಿ ಸಂಪರ್ಕದ ಬಿಲ್ಲು, ಕ್ಯಾಂಪ್ಕೊಗೆ ಅಥವಾ ಅಂಗಡಿಗೆ ಅಡಿಕೆ ಹಾಕಿದ ಚೀಟಿಗಳು ಇವನ್ನೆಲ್ಲ ವರ್ಷವಾರು ಜೋಡಿಸಿ ಆಕ್ಷೇಪದೊಂದಿಗೆ ನಕಲು ಲಗತ್ತಿಸಬೇಕು. ಮೇಲೆ ಹೇಳಿದ ಹಿರಿಯರ ಬಳಿ ಹನ್ನೊಂದು ವರ್ಷಗಳ ಅಡಿಕೆ ಚೀಟಿಗಳು ಬೆಲ್ಲದ ಡಬ್ಬಿಯಲ್ಲಿದ್ದವು. ಅರ್ಧಕ್ಕೆ ಗೆದ್ದಲು ಹಿಡಿದಿತ್ತಾದರೂ ಉಳಿದದ್ದೇ ಸಾಕಷ್ಟಾಯಿತು. ಅಡವಿನಲ್ಲಿ ಮನೆಯ ಅಡಿಸ್ಥಳವೂ ತೋಟವೂ ಸೇರಿದ್ದರೆ ಯಾವ ಸರ್ವೆ ನಂಬ್ರದಲ್ಲಿ ಮನೆ, ಯಾವುದರಲ್ಲಿ ತೋಟ ಎಂದು ಬೇರ್ಪಡಿಸಿ ತೋರಿಸಿ, ಇಲ್ಲದಿದ್ದರೆ ವಾದ ಮಸುಕಾಗುತ್ತದೆ.

ಆಕ್ಷೇಪವನ್ನು ಶಾಖೆಯ ಮ್ಯಾನೇಜರರಿಗಲ್ಲ, ನೋಟೀಸಿಗೆ ಸಹಿ ಮಾಡಿದ ಅಧಿಕೃತ ಅಧಿಕಾರಿಗೆ ರಿಜಿಸ್ಟರ್ಡ್ ಅಂಚೆಯಲ್ಲಿ ಕಳುಹಿಸಿ. ಒಂದು ಪ್ರತಿಯನ್ನು ಶಾಖೆಯಲ್ಲಿ ಕೊಟ್ಟು ಸೀಲು ಹಾಕಿಸಿಕೊಳ್ಳಿ. ಈ ಅವಧಿಯಲ್ಲಿ ಆಸ್ತಿಯನ್ನು ಮಗನ ಹೆಸರಿಗೆ ಬರೆದುಕೊಡುವ, ಗೇಣಿಗೆ ಕೊಡುವ ಉಪಾಯಗಳನ್ನು ಯಾರು ಹೇಳಿದರೂ ಕಿವಿಗೆ ಹಾಕಿಕೊಳ್ಳಬೇಡಿ. ನೋಟೀಸು ಬಂದ ಮೇಲೆ ಬ್ಯಾಂಕಿನ ಲಿಖಿತ ಒಪ್ಪಿಗೆಯಿಲ್ಲದೆ ಅಂಥ ವರ್ಗಾವಣೆ ಮಾಡುವುದನ್ನು ಸೆಕ್ಷನ್ 13(13) ನಿಷೇಧಿಸುತ್ತದೆ.

ಎರ್ನಾಕುಲಂನ ನ್ಯಾಯಮಂಡಳಿ

ಬ್ಯಾಂಕು ಆಕ್ಷೇಪವನ್ನು ತಳ್ಳಿಹಾಕಿದಷ್ಟಕ್ಕೇ ಕೋರ್ಟಿಗೆ ಹೋಗುವಂತಿಲ್ಲ. 60 ದಿನ ಕಳೆದು, ಬ್ಯಾಂಕಿನವರು ಬಂದು ಮನೆಯ ಬಾಗಿಲಿಗೋ ತೋಟದ ಗೇಟಿಗೋ ಸ್ವಾಧೀನದ ನೋಟೀಸು ಅಂಟಿಸಿದಾಗ ಸೆಕ್ಷನ್ 13(4)ರ ಕ್ರಮ ನಡೆದಂತಾಗುತ್ತದೆ. ಅಂದಿನಿಂದ 45 ದಿನಗಳೊಳಗೆ ಸೆಕ್ಷನ್ 17ರ ಪ್ರಕಾರ ಸಾಲ ವಸೂಲಾತಿ ನ್ಯಾಯಮಂಡಳಿಗೆ, ಅಂದರೆ ಡಿಆರ್‌ಟಿಗೆ ಅರ್ಜಿ ಹಾಕಬೇಕು. “ಅಂಟಿಸಿ ಹೋದರು ಅಷ್ಟೆ, ಮನೆಯಲ್ಲಿ ನಾವೇ ಇದ್ದೇವಲ್ಲ” ಎಂದು ಕಾಯಬಾರದು. ಕಾಗದದ ಮೇಲಿನ ಸ್ವಾಧೀನದ ಹಂತದಲ್ಲೇ ಡಿಆರ್‌ಟಿಗೆ ಹೋಗಬಹುದೆಂದು 2018ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ, ಅಂದರೆ 45 ದಿನಗಳ ಎಣಿಕೆಯೂ ಅಲ್ಲಿಂದಲೇ ಶುರುವಾಗುತ್ತದೆ.

ಈ ಸ್ವಾಧೀನದ ನೋಟೀಸನ್ನು ಏಳು ದಿನಗಳೊಳಗೆ ಎರಡು ಪತ್ರಿಕೆಗಳಲ್ಲಿ ಪ್ರಕಟಿಸಬೇಕು, ಅವುಗಳಲ್ಲಿ ಒಂದು ಆ ಪ್ರದೇಶದಲ್ಲಿ ಪ್ರಸಾರವಿರುವ ಸ್ಥಳೀಯ ಭಾಷೆಯದ್ದಾಗಿರಬೇಕು. ಮಂಜೇಶ್ವರ, ಕಾಸರಗೋಡು ತಾಲೂಕುಗಳಲ್ಲಿ ಬ್ಯಾಂಕುಗಳು ರೂಢಿಯಿಂದ ಮಲಯಾಳ ಪತ್ರಿಕೆಯನ್ನು ಆರಿಸುವುದರಿಂದ, ಕನ್ನಡ ಮಾತ್ರ ಓದುವ ಮನೆಯಲ್ಲಿ ತಮ್ಮದೇ ಆಸ್ತಿಯ ಪ್ರಕಟಣೆ ಬಂದದ್ದು ಗೊತ್ತಾಗುವುದು ನೆರೆಮನೆಯವರು ಹೇಳಿದಾಗ. ಆದ್ದರಿಂದ ಪ್ರಕಟಣೆಯ ಪ್ರತಿಯನ್ನು ಬ್ಯಾಂಕಿನಿಂದಲೇ ಕೇಳಿ ಪಡೆಯಿರಿ.

ಕಾಸರಗೋಡಿನ ಆಸ್ತಿಗೆ ಸಂಬಂಧಿಸಿದ ಡಿಆರ್‌ಟಿ ಇರುವುದು ಎರ್ನಾಕುಲಂನಲ್ಲಿ. ಸಂಜೆ ಮಲಬಾರ್ ಎಕ್ಸ್‌ಪ್ರೆಸ್ ಹತ್ತಿದರೆ ಬೆಳಗಿನ ಜಾವ ಅಲ್ಲಿಗೆ ತಲಪಬಹುದು, ಆದರೆ ಪ್ರತಿ ವಾಯಿದೆಗೂ ನೀವೇ ಹೋಗಬೇಕೆಂದಿಲ್ಲ, ವಕಾಲತ್ತು ಕೊಟ್ಟ ವಕೀಲರು ಸಾಕು. ಅಡವಿನ ಆಸ್ತಿ ಇಲ್ಲಿದ್ದು ಸಾಲ ಕೊಟ್ಟ ಶಾಖೆ ವಿಟ್ಲ, ಪುತ್ತೂರು ಅಥವಾ ಮಂಗಳೂರಿನಲ್ಲಿದ್ದರೆ, ಶಾಖೆ ಇರುವ ಕಡೆಯ ನ್ಯಾಯಮಂಡಳಿಗೂ ಹೋಗಲು ಸೆಕ್ಷನ್ 17(1ಎ) ಅವಕಾಶ ಕೊಡುತ್ತದೆ. ಅಂಥವರಿಗೆ ಬೆಂಗಳೂರಿನ ಡಿಆರ್‌ಟಿ ಭಾಷೆಯ ದೃಷ್ಟಿಯಿಂದ, ಕನ್ನಡ ಬಲ್ಲ ವಕೀಲರು ಸಿಗುವ ದೃಷ್ಟಿಯಿಂದ ಅನುಕೂಲವಾಗಬಹುದು.

ಶುಲ್ಕ ಜನ ಹೆದರುವಷ್ಟಿಲ್ಲ. ಬಾಕಿ 10 ಲಕ್ಷಕ್ಕಿಂತ ಕಡಿಮೆಯಿದ್ದರೆ ಪ್ರತಿ ಲಕ್ಷಕ್ಕೆ 500 ರೂಪಾಯಿ. ಅದಕ್ಕಿಂತ ಹೆಚ್ಚಿದ್ದರೆ 5,000 ರೂಪಾಯಿಯ ಮೇಲೆ, 10 ಲಕ್ಷ ಮೀರಿದ ಪ್ರತಿ ಲಕ್ಷಕ್ಕೆ 250ರಂತೆ. 18 ಲಕ್ಷ ಬಾಕಿಯಿದ್ದವರಿಗೆ 7,000 ರೂಪಾಯಿ. ಈ ಹಂತದಲ್ಲಿ ಸಾಲದ ಭಾಗವನ್ನು ಮುಂಗಡ ಕಟ್ಟಲೇಬೇಕೆಂಬ ಕಾನೂನಿಲ್ಲ, ಆದರೆ ತಡೆಯಾಜ್ಞೆ ಕೊಡುವಾಗ ಇಂತಿಷ್ಟು ಕಟ್ಟಬೇಕೆಂಬ ಷರತ್ತನ್ನು ನ್ಯಾಯಮಂಡಳಿ ಹಾಕುವುದೇ ಹೆಚ್ಚು. ಕೈಯಲ್ಲಿ ಏನೂ ಇಲ್ಲದೆ ಹೋಗಿ ತಡೆಯಾಜ್ಞೆ ತಂದವರು, ಷರತ್ತಿನ ತಾರೀಕು ತಪ್ಪಿ ಅದನ್ನು ಕಳೆದುಕೊಳ್ಳುವುದನ್ನು ನೋಡಿದ್ದೇನೆ. ಮೇಲ್ಮನವಿ ಚೆನ್ನೈಯ ಮೇಲ್ಮನವಿ ನ್ಯಾಯಮಂಡಳಿಗೆ 30 ದಿನಗಳೊಳಗೆ. ಅಲ್ಲಿ ಸಾಲಗಾರ ಬಾಕಿಯ ಅರ್ಧ ಕಟ್ಟಬೇಕು, ಕಾರಣ ತೋರಿಸಿದರೆ ಅದನ್ನು ಕಾಲುಭಾಗದವರೆಗೆ ಇಳಿಸಬಹುದು.

ಮನೆಯಿಂದ ನಿಜವಾಗಿ ಹೊರಹಾಕಬೇಕಾದರೆ ಬ್ಯಾಂಕು ಸೆಕ್ಷನ್ 14ರಂತೆ ಮುಖ್ಯ ಜುಡಿಶಿಯಲ್ ಮ್ಯಾಜಿಸ್ಟ್ರೇಟರ ಅಥವಾ ಜಿಲ್ಲಾ ಮ್ಯಾಜಿಸ್ಟ್ರೇಟರ ನೆರವು ಕೇಳುತ್ತದೆ. ಮ್ಯಾಜಿಸ್ಟ್ರೇಟರು ಅಡ್ವೊಕೇಟ್ ಕಮಿಷನರರನ್ನು ನೇಮಿಸಿದರೆ ಅವರು ಪೊಲೀಸರೊಂದಿಗೆ ಬರುತ್ತಾರೆ. ಆಗ ಗೇಟಿನಲ್ಲಿ ಜಗಳವಾಡಿ ಪ್ರಯೋಜನವಿಲ್ಲ. ಆದೇಶದ ಪ್ರತಿ ಕೇಳಿ, ಒಳಗಿನ ಸಾಮಾನುಗಳ ಪಟ್ಟಿಗೆ ಸಹಿ ಹಾಕುವ ಮೊದಲು ಓದಿಸಿಕೊಳ್ಳಿ. ಮುನ್ಸಿಫ್ ಕೋರ್ಟಿನಲ್ಲಿ ಇಂಜಂಕ್ಷನ್ ತರುತ್ತೇನೆ ಎಂದು ಯಾರಾದರೂ ಮುಂಗಡ ಕೇಳಿದರೆ ಸೆಕ್ಷನ್ 34ನ್ನು ನೆನಪಿಸಿ: ಡಿಆರ್‌ಟಿ ತೀರ್ಮಾನಿಸಬೇಕಾದ ವಿಷಯಗಳಲ್ಲಿ ಸಿವಿಲ್ ಕೋರ್ಟಿಗೆ ಅಧಿಕಾರವಿಲ್ಲ. ಅಲ್ಲಿ ಅಲೆದಾಡುವಷ್ಟರಲ್ಲಿ 45 ದಿನ ಮುಗಿದಿರುತ್ತದೆ.

ಹೈಕೋರ್ಟು ಕಂತು ಕೊಡುತ್ತದೆಯೇ?

ನಮ್ಮ ಊರಿನ ಚಾದಂಗಡಿಗಳಲ್ಲಿ ಹೆಚ್ಚು ಕೇಳುವ ಮಾತು ಇದು. ಇದು ಪೂರ್ತಿ ಸುಳ್ಳಲ್ಲ. ಕೇರಳ ಹೈಕೋರ್ಟಿನಲ್ಲಿ ರಿಟ್ ಹಾಕಿ ಬಾಕಿಯನ್ನು ಹತ್ತೋ ಹದಿನೈದೋ ಕಂತುಗಳಲ್ಲಿ ಕಟ್ಟಲು ಅನುಮತಿ ಪಡೆದವರು ಅನೇಕರಿದ್ದಾರೆ. ಆದರೆ 2010ರ ಯುನೈಟೆಡ್ ಬ್ಯಾಂಕ್ ಪ್ರಕರಣದಿಂದ ಹಿಡಿದು, ಕೇರಳದಿಂದಲೇ ಹೋದ 2018ರ ಸ್ಟೇಟ್ ಬ್ಯಾಂಕ್ ಆಫ್ ಟ್ರಾವಂಕೂರ್ ಪ್ರಕರಣ ಮತ್ತು 2023ರ ಸೌತ್ ಇಂಡಿಯನ್ ಬ್ಯಾಂಕ್ ಪ್ರಕರಣದವರೆಗೆ ಸುಪ್ರೀಂ ಕೋರ್ಟು ಒಂದೇ ಮಾತನ್ನು ಗಟ್ಟಿಯಾಗಿ ಹೇಳುತ್ತ ಬಂದಿದೆ: ಡಿಆರ್‌ಟಿ ಎಂಬ ದಾರಿ ಇರುವಾಗ ಹೈಕೋರ್ಟುಗಳು ಸುಲಭದಲ್ಲಿ ಮಧ್ಯೆ ಬರಬಾರದು. ಆದ್ದರಿಂದ ಹೈಕೋರ್ಟಿನ ಕಂತನ್ನು ಹಕ್ಕೆಂದು ಎಣಿಸಬೇಡಿ. ನನ್ನ ಅಭಿಪ್ರಾಯದಲ್ಲಿ, ಬ್ಯಾಂಕು ಕಾನೂನಿನ ಕ್ರಮವನ್ನೇ ಬಿಟ್ಟು ನಡೆದಿದ್ದರೆ, ಅಥವಾ ನ್ಯಾಯಮಂಡಳಿಯಲ್ಲಿ ಪೀಠಾಧಿಕಾರಿಯೇ ಇಲ್ಲದ ತುರ್ತಿನಲ್ಲಿ ಮಾತ್ರ ಆ ದಾರಿಗೆ ಖರ್ಚು ಮಾಡಬೇಕು.

ಒಂದೇ ಗಂಟಿನ ತೀರುವಳಿಯೂ, ಅಂದರೆ ಓಟಿಎಸ್ ಕೂಡ, ಹಕ್ಕಲ್ಲ. ಅದನ್ನು ಕೊಡಲೇಬೇಕೆಂದು ಬ್ಯಾಂಕಿಗೆ ರಿಟ್ ಮೂಲಕ ಆದೇಶಿಸಲಾಗದು ಎಂದು 2021ರ ಕೊನೆಯಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಕೇಳುವುದಕ್ಕೆ ಅಡ್ಡಿಯಿಲ್ಲ. ಕೇಳಲು ಒಳ್ಳೆಯ ಜಾಗ ಲೋಕ ಅದಾಲತ್. ವಿದ್ಯಾನಗರದ ಜಿಲ್ಲಾ ನ್ಯಾಯಾಲಯದ ಆವರಣದಲ್ಲಿರುವ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರಕ್ಕೆ ಬಿಳಿ ಹಾಳೆಯಲ್ಲಿ ಅರ್ಜಿ ಕೊಟ್ಟರೆ, ದಾವೆ ಇಲ್ಲದ ಸಾಲವನ್ನೂ ಅದಾಲತ್ತಿಗೆ ತೆಗೆದುಕೊಳ್ಳುತ್ತಾರೆ, ಶುಲ್ಕವಿಲ್ಲ. ಹೆಂಗಸರಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ, ಅಂಗವಿಕಲರಿಗೆ ಆದಾಯ ಎಷ್ಟಿದ್ದರೂ ಉಚಿತ ವಕೀಲರು ಸಿಗುತ್ತಾರೆ. ಅದಾಲತ್ತಿನಲ್ಲಿ ಒಪ್ಪಿ ಸಹಿ ಹಾಕಿದ್ದು ಡಿಕ್ರಿಯಷ್ಟೇ ಬಲವುಳ್ಳದ್ದು, ಅಪೀಲಿಲ್ಲ. ಕಟ್ಟಲಾಗದ ಮೊತ್ತಕ್ಕೆ ಮುಲಾಜಿಗೆ ಬಿದ್ದು ತಲೆಯಾಡಿಸಬೇಡಿ.

ಭಾಷೆಯ ವಿಷಯದಲ್ಲಿ ನಮಗಿರುವ ಒಂದು ಬಲವನ್ನು ನಾವು ಕಡಿಮೆ ಬಳಸುತ್ತೇವೆ. 1969ರ ಕೇರಳ ಆಡಳಿತ ಭಾಷಾ ಕಾಯ್ದೆಯಂತೆ ಕನ್ನಡ ಅಲ್ಪಸಂಖ್ಯಾತರು ತಮ್ಮ ಪ್ರದೇಶದ ಸರಕಾರಿ ಕಚೇರಿಗಳಿಗೆ ಕನ್ನಡದಲ್ಲಿ ಬರೆಯಬಹುದು, ಉತ್ತರವೂ ಕನ್ನಡದಲ್ಲಿ ಬರಬೇಕು. ರೆವೆನ್ಯೂ ರಿಕವರಿಯ ಅರ್ಜಿಗಳಿಗೆ ಇದು ಅನ್ವಯ. ಬ್ಯಾಂಕು ಸರಕಾರಿ ಕಚೇರಿಯಲ್ಲದ ಕಾರಣ ಅದಕ್ಕೆ ಈ ಕಾಯ್ದೆ ತಾಗುವುದಿಲ್ಲ.

ಅಡವಿಲ್ಲದ ಸಾಲ, ಏಲಂ, ಮತ್ತು ಆಮೇಲಿನದ್ದು

ಅಡವಿಲ್ಲದ ವೈಯಕ್ತಿಕ ಸಾಲಕ್ಕೆ ಬ್ಯಾಂಕು ದಾವೆ ಹೂಡಬೇಕು. ಅಲ್ಲಿ ಹಣದ ಡಿಕ್ರಿಯನ್ನು ಕಂತಿನಲ್ಲಿ ತೀರಿಸಲು ನ್ಯಾಯಾಧೀಶರು ಅವಕಾಶ ಕೊಡಬಹುದು, ಕೃಷಿಕನ ವಾಸದ ಮನೆ ಮತ್ತು ಉಪಕರಣಗಳಿಗೆ ಸಿವಿಲ್ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 60ರ ರಕ್ಷಣೆಯಿದೆ. ಸಾಲ ಕಟ್ಟದಿದ್ದರೆ ಜೈಲು ಎಂದು ವಸೂಲಿಗೆ ಬರುವವರು ಹೆದರಿಸಿದರೆ, ಕೊಡುವ ಶಕ್ತಿಯಿಲ್ಲದ ಪ್ರಾಮಾಣಿಕ ಸಾಲಗಾರನನ್ನು ಸಿವಿಲ್ ಬಂಧನಕ್ಕೆ ಒಳಪಡಿಸಲಾಗದು ಎಂದು ನ್ಯಾಯಮೂರ್ತಿ ವಿ. ಆರ್. ಕೃಷ್ಣ ಅಯ್ಯರ್ 1980ರಲ್ಲಿ ಬ್ಯಾಂಕ್ ಆಫ್ ಕೊಚ್ಚಿನ್ ಪ್ರಕರಣದಲ್ಲಿ ಬರೆದದ್ದನ್ನು ನೆನಪಿಟ್ಟುಕೊಳ್ಳಿ. ಚೆಕ್ ಬೌನ್ಸ್ ಮಾತ್ರ ಬೇರೆ. ಅದು ಕ್ರಿಮಿನಲ್ ಪ್ರಕರಣ, ನೋಟೀಸು ತಲಪಿದ 15 ದಿನಗಳೊಳಗೆ ಕಟ್ಟಿದರೆ ಅಲ್ಲಿಗೇ ಮುಗಿಯುತ್ತದೆ. ವಸೂಲಿಗಾರರು ಬೆಳಿಗ್ಗೆ 8ಕ್ಕೆ ಮೊದಲು, ಸಂಜೆ 7ರ ನಂತರ ಫೋನ್ ಮಾಡುವಂತಿಲ್ಲ. ಜಾಮೀನು ಹಾಕಿದವರ ಹೊಣೆ ಸಾಲಗಾರನಷ್ಟೇ ಆಗಿರುವುದರಿಂದ, ಅವರಿಗೂ ನೋಟೀಸಿನ ಪ್ರತಿ ತೋರಿಸುವುದು ಸಭ್ಯತೆ ಮಾತ್ರವಲ್ಲ, ಅವರೂ ಸೆಕ್ಷನ್ 17ರಲ್ಲಿ ಅರ್ಜಿ ಹಾಕಬಹುದು.

ಏಲಂ ನಿಗದಿಯಾದರೆ ನಿಮಗೆ 30 ದಿನಗಳ ಮಾರಾಟ ನೋಟೀಸು ಬರಬೇಕು. ಬಾಕಿಯೆಲ್ಲ ಕಟ್ಟಿ ಆಸ್ತಿ ಬಿಡಿಸಿಕೊಳ್ಳುವ ಹಕ್ಕು ಹಿಂದೆ ಮಾರಾಟ ಆಗುವವರೆಗೂ ಇತ್ತು. 2016ರ ತಿದ್ದುಪಡಿಯ ಬಳಿಕ ಅದು ಏಲಂ ಪ್ರಕಟಣೆ ಹೊರಬರುವ ಮೊದಲಿನ ದಿನಕ್ಕೆ ಮೊಟಕಾಗಿದೆ, 2023ರಲ್ಲಿ ಸುಪ್ರೀಂ ಕೋರ್ಟು ಇದನ್ನೇ ಎತ್ತಿಹಿಡಿಯಿತು. ನೆಂಟರಿಂದ ಹಣ ಹೊಂದಿಸುವವರು, ಸ್ವಲ್ಪ ಜಾಗ ಮಾರಿ ಕಟ್ಟುವವರು ಈ ಗಡುವನ್ನೇ ಕಣ್ಣೆದುರು ಇಟ್ಟುಕೊಳ್ಳಬೇಕು. ಏಲಂನಲ್ಲಿ ಬಾಕಿಗಿಂತ ಹೆಚ್ಚು ಬಂದರೆ ಉಳಿದದ್ದು ನಿಮ್ಮದು, ಕೇಳಿ ಪಡೆಯಿರಿ. ಕಡಿಮೆ ಬಿದ್ದರೆ ಬಾಕಿಗಾಗಿ ಬ್ಯಾಂಕು ಮತ್ತೆ ಬರಬಹುದು.

ಆ ಹಿರಿಯರ ಆಕ್ಷೇಪ 54ನೆಯ ದಿನ ಅಂಚೆಗೆ ಬಿತ್ತು. ತೋಟದ ಮಟ್ಟಿಗೆ ಬ್ಯಾಂಕು ಹಿಂದೆ ಸರಿಯಿತು. ಮನೆಯ ಭಾಗಕ್ಕೆ ಅದಾಲತ್ತಿನಲ್ಲಿ ಮಾತು ಕುದುರಿ, ಎರಡು ಕೊಯ್ಲಿನ ಅಡಿಕೆ ಮಾರಿ ತೀರಿಸಿದರು. ತೀರಿಸಿದ ದಿನ ಅವರು ಮರೆತೇಬಿಟ್ಟಿದ್ದ ಒಂದು ಕೆಲಸವಿತ್ತು, ಅದನ್ನು ನೀವು ಮರೆಯಬೇಡಿ: ಸಾಲ ಪೂರ್ತಿ ತೀರಿದ 30 ದಿನಗಳೊಳಗೆ ಆಸ್ತಿಯ ಮೂಲ ಆಧಾರವನ್ನೂ (ಅಂದರೆ ಹಕ್ಕುಪತ್ರವನ್ನೂ) ಉಳಿದ ದಾಖಲೆಗಳನ್ನೂ ಬ್ಯಾಂಕು ಹಿಂತಿರುಗಿಸಬೇಕು, ಬ್ಯಾಂಕಿನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಕೊಡಬೇಕೆಂದು 2023ರ ಡಿಸೆಂಬರಿನಿಂದ ರಿಸರ್ವ್ ಬ್ಯಾಂಕಿನ ನಿಯಮವಿದೆ. ಬಾಕಿಯಿಲ್ಲವೆಂಬ ಪತ್ರ ಕೈಗೆ ಬಂದ ಮೇಲೆ ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ಹೊಸ ಋಣಭಾರ ಪತ್ರ ತೆಗೆಸಿ, ಅಡವಿನ ನಮೂದು ಅಳಿದಿದೆಯೇ ಎಂದು ಒಮ್ಮೆ ಓದಿಸಿಕೊಳ್ಳಿ.